ಎಲ್ಲರಿಗೂ ಆಗಿಬರುವ ಜಾಗ

ಮಸೀದಿಯಿಂದ ಬೆಳಗಿನ ಮೊದಲ ಕೂಗು ಕೇಳುವಷ್ಟರಲ್ಲಿ ಸಾಲೇಹಾ ಆಪಾ ಸಂಪಿನ ಮುಚ್ಚಳ ಎತ್ತಿ ನೀರು ಬಂದಿದೆಯೇ ನೋಡಿ ಮೋಟರ್ ಹಾಕಿರುತ್ತಾರೆ, ಗೇಟಿನ ಚೀಲದಿಂದ ಹಾಲಿನ ಪ್ಯಾಕೆಟ್ಟು ತಂದು ತೊಳೆದು ಕಾಯಿಸಲು ಇಟ್ಟಿರುತ್ತಾರೆ, ನಮಾಜಿಗೆ ಮುಂಚೆ ಅತ್ತೆ ಕೈಕಾಲು ತೊಳೆಯಲು ನೀರನ್ನು ಉಗುರುಬೆಚ್ಚಗೆ ಮಾಡಿ ಬಚ್ಚಲಿನ ಸ್ಟೂಲಿನ ಪಕ್ಕ ಇಟ್ಟಿರುತ್ತಾರೆ, ಆ ಮುದುಕಿಯ ಬೆರಳತುದಿಗೆ ಸೂಜಿ ಚುಚ್ಚಿ ಸಕ್ಕರೆ ಎಷ್ಟಿದೆ ಎಂದು ನೋಡಿರುತ್ತಾರೆ, ಗಂಡನ ಅಂಗಿಯ ಕಾಲರಿಗೆ ಇಸ್ತ್ರಿ ಮುಟ್ಟಿಸಿರುತ್ತಾರೆ, ಮಗಳ ಡಬ್ಬಿಗೆ ಪಲ್ಯ ಹೆಚ್ಚಿರುತ್ತಾರೆ, ಹಿಂದಿನ ರಾತ್ರಿ ಯಾರೋ ಮರೆತು ಹೊರಗೆ ಬಿಟ್ಟ ಮೊಸರಿನ ಪಾತ್ರೆಯನ್ನು ಮುಚ್ಚಿ ಒಳಗಿಟ್ಟಿರುತ್ತಾರೆ. ಬೆಳಕು ಹರಿದಾಗ ಉಳಿದ ಮೂವರೂ ತಾನೇ ತಾನಾಗಿ ಸಿದ್ಧವಾಗಿರುವ ಒಂದು ದಿನದೊಳಗೆ ಕಾಲಿಡುತ್ತಾರೆ.

ಫ್ರೇಜರ್ ಟೌನಿನ ಆ ಗಲ್ಲಿಯಲ್ಲಿ ನನ್ನ ಅಡುಗೆಮನೆಯ ಕಿಟಕಿ ಅವರ ಅಡುಗೆಮನೆಯ ಕಿಟಕಿಗೆ ಎದುರು. ಹನ್ನೊಂದು ವರ್ಷದಿಂದ ಒಬ್ಬರ ಒಗ್ಗರಣೆಗೆ ಇನ್ನೊಬ್ಬರು ಸೀನುತ್ತಾ ಬಂದಿದ್ದೇವೆ. ಆಪಾ ಐವತ್ತನಾಲ್ಕರ ಸಣ್ಣ ಮೈಕಟ್ಟಿನ ಹೆಂಗಸು. ಗಂಡ ಖುರ್ಷೀದ್ ಸಾಹೇಬರು ಹಾಕಿ ಹಳೆಯದಾಗಿ ಬಿಟ್ಟ ಕಂದು ಸ್ವೆಟರನ್ನು ತೋಳು ಮೂರು ಸುತ್ತು ಮಡಚಿ ಬೇಸಿಗೆಯಲ್ಲೂ ತೊಟ್ಟಿರುತ್ತಾರೆ. ಅದಕ್ಕೆ ಎರಡು ಜೇಬುಗಳಿವೆ, ಹೆಂಗಸರ ಬಟ್ಟೆಗೆ ಯಾರೂ ಜೇಬು ಇಡುವುದಿಲ್ಲ ಎಂಬುದು ಅವರ ವಿವರಣೆ. ನಡೆಯುವಾಗ ಮೊಣಕೈಗಳು ಪಕ್ಕೆಗೆ ಅಂಟಿಕೊಂಡಿದ್ದು, ತುಂಬಿದ ಸಾರಿನ ಪಾತ್ರೆಯನ್ನು ಒಯ್ಯುವವರಂತೆ ಚಿಕ್ಕ ಚಿಕ್ಕ ಹೆಜ್ಜೆಗಳಲ್ಲಿ ಬಹಳ ವೇಗವಾಗಿ ಸಾಗುತ್ತಾರೆ. ಪ್ರತಿ ಮಾತಿನ ಕೊನೆಗೂ ‘ಆಯ್ತಲ್ಲ’ ಎಂಬುದೊಂದು ಇದ್ದೇ ಇರುತ್ತದೆ. ಅತ್ತೆಗೆ ಗುಳಿಗೆ ಕೊಟ್ಟೆ, ಆಯ್ತಲ್ಲ. ಗ್ಯಾಸ್ ಬುಕ್ ಮಾಡ್ದೆ, ಆಯ್ತಲ್ಲ. ಕೇಳಿದವರಿಗೆ ಯಾವುದೂ ಅಷ್ಟೇನೂ ದೊಡ್ಡ ಕೆಲಸವಾಗಿರಲಿಲ್ಲ ಅನಿಸಬೇಕು.

ಅವರಲ್ಲಿ ನನ್ನನ್ನು ಬೆರಗುಗೊಳಿಸಿದ್ದು ನೆನಪು. ಚೀಟಿ ಬರೆಯುವುದಿಲ್ಲ. ತಸ್ಬೀ ಮಣಿ ಇಲ್ಲದಾಗ ಬೆರಳಗೆಣ್ಣುಗಳ ಮೇಲೆ ಹೆಬ್ಬೆಟ್ಟು ಸರಿಸುತ್ತಾ ಜಪ ಎಣಿಸುವ ರೂಢಿಯುಂಟಲ್ಲ, ಹಾಗೆಯೇ ಅವರು ಜನರನ್ನು ಎಣಿಸುತ್ತಾರೆ. ಒಂದೊಂದು ಗೆಣ್ಣು ಒಬ್ಬೊಬ್ಬರಿಗೆ. ಹೆಬ್ಬೆಟ್ಟು ಅಲ್ಲಿಗೆ ಬಂದರೆ ಸಾಕು, ಆ ಮನುಷ್ಯನ ಹೊಟ್ಟೆಯ ಚರಿತ್ರೆಯೆಲ್ಲ ತೆರೆದುಕೊಳ್ಳುತ್ತದೆ. ನನಗೆ ಕಡಲೆಕಾಯಿ ಬೀಜ ಆಗುವುದಿಲ್ಲವೆಂದು ಏಳು ವರ್ಷದ ಹಿಂದೆ ಒಮ್ಮೆ ಹೇಳಿದ್ದೆ. ನಂತರದ ಒಂದು ಹಬ್ಬದಲ್ಲೂ ನನ್ನ ತಟ್ಟೆಗೆ ಬೀಜದ ಚಟ್ನಿ ಬರಲಿಲ್ಲ. ಮೂವತ್ತು ವರ್ಷ ಜೊತೆಗಿದ್ದ ನನ್ನ ಯಜಮಾನರಿಗೆ ಈ ಸಂಗತಿ ಆಗಾಗ ಹೊಸ ಸುದ್ದಿಯಾಗುತ್ತಿತ್ತು.

ಕಳೆದ ಚಳಿಗಾಲದಲ್ಲಿ ಆಪಾ ಎಂಟು ಕೆ.ಜಿ. ಇಳಿದರು. ಒಮ್ಮೆ ಸಂಪಿನ ಪಕ್ಕದಲ್ಲೇ ಕುಸಿದು ಕೂತರು. ಶಿವಾಜಿನಗರದ ಒಬ್ಬ ಡಾಕ್ಟರ ಹತ್ತಿರ ನಾನೇ ಎಳೆದುಕೊಂಡು ಹೋದೆ. ಪರೀಕ್ಷೆಗಳೆಲ್ಲ ಮುಗಿದ ಮೇಲೆ ಆ ಡಾಕ್ಟರಮ್ಮ, ಹಾಲು ನಿಮ್ಮ ಕರುಳಿಗೆ ಒಗ್ಗುತ್ತಿಲ್ಲ, ಹಾಲು, ಮೊಸರು, ಬೆಣ್ಣೆ ಒಂದನ್ನೂ ಮುಟ್ಟಬೇಡಿ, ಹೀಗೇ ಇಳಿಯುತ್ತಾ ಹೋದರೆ ದಾಖಲು ಮಾಡಬೇಕಾಗುತ್ತದೆ ಎಂದರು. ಆಪಾ ಬಹಳ ವಿನಯದಿಂದ ತಲೆಯಾಡಿಸಿದರು. ಮನೆಗೆ ಬಂದು ‘ಗ್ಯಾಸ್ ಅಂತೆ’ ಎಂದರು, ಎಲ್ಲರಿಗೂ ಹಾಲು ಹಾಕಿದ ಚಹಾ ಸೋಸಿದರು, ಕೊನೆಯ ಅರ್ಧ ಲೋಟವನ್ನು ತಾವೇ ಕುಡಿದರು.

“ಕಪ್ಪು ಚಹಾ ಮಾಡ್ಕೊಳ್ಳೋಕೆ ಏನು ಕಷ್ಟ?” ಎಂದು ನಾನು ಕಿಟಕಿಯಿಂದಲೇ ಗದರಿದೆ.

“ಕಷ್ಟ ಇಲ್ಲ ಅಕ್ಕಾ. ಬೇರೆ ಪಾತ್ರೆ ಇಟ್ರೆ ಯಾಕೆ ಅಂತ ಕೇಳ್ತಾರೆ. ಹೇಳಿದ್ರೆ ಎಲ್ಲರೂ ಬಂದು ಹೇಗಿದ್ದೀಯಾ ಅಂತ ನನ್ನೇ ನೋಡ್ತಾ ಕೂರ್ತಾರೆ. ಅವರಿಗೆಲ್ಲ ಚಹಾ ಮಾಡೋರ್ಯಾರು?”

ಇದು ಹಾಸ್ಯವೋ ವರದಿಯೋ ಇಂದಿಗೂ ನನಗೆ ಗೊತ್ತಾಗಿಲ್ಲ.

ಈ ವರ್ಷ ಮಗಳು ತೂಬಾ ಫಿಸಿಯೋಥೆರಪಿಯ ಕೊನೆಯ ಪರೀಕ್ಷೆ ಪಾಸಾದಳು. ಬಿರಿಯಾನಿ ಬೇಡ ಅಮ್ಮಿ, ಭಾನುವಾರ ಹತ್ತೂವರೆಗೆ ಎಲ್ಲರೂ ಹೊರಗೆ ಹೋಗಿ ಪ್ಯಾನ್‌ಕೇಕ್ ತಿನ್ನೋಣ, ಬ್ರಂಚ್ ಎಂದಳು. ಬ್ರಂಚ್ ಎಂದರೇನೆಂದು ಎಂಬತ್ತೆರಡರ ಅಜ್ಜಿ ಉಮ್ಮೆ ಕುಲ್ಸುಂ ವಿಚಾರಿಸಿದರು. ತಿಳಿದ ಮೇಲೆ, “ನಾಷ್ಟಾನೂ ಅಲ್ಲ, ಖಾನಾನೂ ಅಲ್ಲ. ಲೇಟಾಗಿ ಏಳೋರು ಇಟ್ಟ ಹೆಸರು ಅದು,” ಎಂದು ತೀರ್ಪು ಕೊಟ್ಟು, ತಾವೂ ಬರುವುದಾಗಿ ಹೇಳಿದರು. ಜಾಗ ಹುಡುಕುವವರು ಯಾರು ಎಂದು ಆ ಮನೆಯಲ್ಲಿ ಯಾರೂ ಕೇಳಲಿಲ್ಲ.

ಹುಡುಕುವುದು ಸುಲಭದ್ದಾಗಿರಲಿಲ್ಲ. ಮನೆಯವರಿಗೆ ಹಲಾಲ್ ಆಗಬೇಕು, ಎಸೆನ್ಸಿನಲ್ಲಿ ರಮ್ ಇರಕೂಡದು. ಅಜ್ಜಿಗೆ ಸಕ್ಕರೆ ಕೂಡದು. ತೂಬಾಳ ಗೆಳತಿ ಮೋನಿಷಾಳ ಮನೆಯಲ್ಲಿ ಮೊಟ್ಟೆ ಹೊಸಿಲು ದಾಟುವುದಿಲ್ಲ. ಇನ್ನೊಬ್ಬಳು ಸುಕನ್ಯ, ಅವಳಿಗೆ ಗೋಧಿ, ಮೈದಾ ಒಂದು ಚೂರು ತಾಗಿದರೂ ಮೂರು ದಿನ ಹಾಸಿಗೆ. ನನ್ನ ಬೀಜದ ಕಥೆ ಹೇಳಿಯಾಗಿದೆ. ಖುರ್ಷೀದ್ ಸಾಹೇಬರಿಗೆ ಕಾಯಿಲೆಯಿಲ್ಲ, ವ್ರತವಿಲ್ಲ. ಮೆತ್ತಗಿನ ಮೈದಾ ಬೇಕು, ಮೇಲೆ ಬೆಣ್ಣೆ ಕರಗುತ್ತಿರಬೇಕು. ಆಪಾನ ಗೆಣ್ಣುಗಳ ಮೇಲೆ ಇವೆಲ್ಲಕ್ಕೂ ಒಂದೇ ತೂಕ. ಗಂಡಸಿನ ಇಷ್ಟ ಮನೆಯೊಳಗೆ ಯಾವಾಗ ಅಗತ್ಯದ ದರ್ಜೆಗೆ ಏರುತ್ತದೆಂದು ಯಾರೂ ಗಮನಿಸುವುದಿಲ್ಲ. ನನ್ನ ಮನೆಯಲ್ಲೂ ಗಮನಿಸಿರಲಿಲ್ಲ.

ಫೋನಿನಲ್ಲಿ ಕೇಳಿ ನಿರ್ಧರಿಸುವ ಜನ ಆಪಾ ಅಲ್ಲ. ಹೋಗಿ ನೋಡಬೇಕು. ಗುರುವಾರ ನನ್ನನ್ನೂ ಹೊರಡಿಸಿದರು. ಇಂದಿರಾನಗರದ ಮೊದಲ ಜಾಗದಲ್ಲಿ ಬಳ್ಳಿಗಳು ತೂಗುತ್ತಿದ್ದವು, ಮೆನುವಿನಲ್ಲಿ ಎಲ್ಲವೂ ಇತ್ತು. ಅಡುಗೆಮನೆ ನೋಡಬೇಕು ಎಂದರು ಆಪಾ. ಒಳಗೆ ಬಿಡೋದಿಲ್ಲ ಮೇಡಂ ಎಂದ ಮ್ಯಾನೇಜರ್, ಗಡ್ಡ ನೆರೆತ ಸಭ್ಯ ಮನುಷ್ಯ.

“ಒಳಗೆ ಬರಲ್ಲಪ್ಪಾ. ಬಾಗಿಲಲ್ಲೇ ನಿಂತು ಎರಡು ನಿಮಿಷ ನೋಡ್ತೀನಿ, ಆಯ್ತಲ್ಲ.”

ಸ್ವೆಟರಿನ ಜೇಬಿಗೆ ಕೈಯಿಟ್ಟು, ಪರೀಕ್ಷೆಯ ಕೋಣೆಯಲ್ಲಿ ಮೇಲ್ವಿಚಾರಕಿ ನಿಂತಂತೆ ನಿಂತರು. ಎರಡು ನಿಮಿಷವೂ ಆಗಲಿಲ್ಲ, ತಿರುಗಿ ಬಂದರು. “ತವಾ ಬೇರೆ ಬೇರೆ ಇದೆ ಅಕ್ಕಾ. ಆದ್ರೆ ಸೌಟು ಒಂದೇ. ಮೈದಾದಿಂದ ತೆಗೆದು ಹಾಗೇ ಇನ್ನೊಂದು ಹಿಟ್ಟಿಗೆ ಅದ್ದಿದ್ರು. ಪಾಪ, ಸುಕನ್ಯ ಸತ್ತೇಹೋಗ್ತಾಳೆ.” ಮೆನು ಬರೆದವರಿಗೆ ಸೌಟಿನ ವಿಷಯ ಗೊತ್ತಿರಲಾರದು, ಪಾತ್ರೆ ತೊಳೆದ ಕೈಗೆ ಮಾತ್ರ ಗೊತ್ತಿರುತ್ತದೆ.

ಎರಡನೆಯದು ಕಮ್ಮನಹಳ್ಳಿಯ ಮೇನ್ ರೋಡಿನಲ್ಲಿ, ಮಹಡಿಯ ಮೇಲೆ. ಅಲ್ಲಿ ಸೌಟೂ ಬೇರೆ, ಹಿಟ್ಟು ಕಲಸುವ ಬೋಗುಣಿಯೂ ಬೇರೆ. ಮೊಟ್ಟೆಯಿಲ್ಲದ್ದು ಇತ್ತು, ಸಕ್ಕರೆಯಿಲ್ಲದ್ದು ಇತ್ತು, ರಮ್ ಇರಲಿಲ್ಲ, ಕಡಲೆಕಾಯಿ ಬೀಜದ ಬೆಣ್ಣೆ ಮುಚ್ಚಿದ ಡಬ್ಬಿಯಲ್ಲಿತ್ತು, ಹಸುವಿನ ಬೆಣ್ಣೆಯಂತೂ ಗುಡ್ಡೆಗುಡ್ಡೆ. ಆಪಾ ಅಲ್ಲೇ ನಿಂತು ಹೆಬ್ಬೆಟ್ಟು ಸರಿಸಿದರು. ಅತ್ತೆ, ಇವರು, ತೂಬಾ, ಮೋನಿಷಾ, ಸುಕನ್ಯ, ನೀವು. ಮುಖ ಅರಳಿತು. ಮಾಲೀಕ ಹೆಮ್ಮೆಯಿಂದ, ನಮ್ಮಲ್ಲಿ ನೀರು ಹಾಕಿ ಕಲಸೋದೇ ಇಲ್ಲಮ್ಮಾ, ಪ್ರತಿ ಹಿಟ್ಟಿಗೂ ಗಟ್ಟಿ ಮಜ್ಜಿಗೆ ಎಂದ.

“ಆಪಾ, ಆರೇ ಆಯ್ತು,” ಎಂದೆ ನಾನು.

“ಅಂ?”

“ಏಳು ಕುರ್ಚಿ ಕೇಳಿದ್ರಿ. ಎಣಿಸಿದ್ದು ಆರು. ನೀವೇನು ತಿಂತೀರಿ? ಇಲ್ಲಿ ಎಲ್ಲದರಲ್ಲೂ ಮಜ್ಜಿಗೆ.”

ಆಪಾ ತಮ್ಮ ಕೈಯನ್ನೇ ನೋಡಿಕೊಂಡರು, ಒಲೆಯ ಮೇಲೆ ಏನನ್ನೋ ಮರೆತು ಬಂದವರ ಹಾಗೆ. ನಂತರ ನಕ್ಕರು. “ನನಗೆ ಬಿಸಿನೀರು ಕೊಡ್ತಾರೆ ಬಿಡಿ.” ಐದು ಗಂಟೆಯೊಳಗೆ ಹೇಳಿದರೆ ಮೇಜು ಇಟ್ಟಿರುತ್ತೇನೆ ಎಂದ ಮಾಲೀಕ. ಅವರು ಹೂಂ ಎನ್ನುವುದಕ್ಕೆ ಬಾಯಿ ತೆರೆದಿದ್ದರು. ಕೈ ಹಿಡಿದು ಎಳೆದುಕೊಂಡು ಇಳಿದೆ. ಮಗಳು ಪಾಸಾದ ದಿನ, ಮಗಳ ಮುಂದೆ, ಈ ತಾಯಿ ಬಿಸಿನೀರು ಕುಡಿಯುತ್ತಾ ಆರು ತಟ್ಟೆಗಳ ಮೇಲೆ ಕಣ್ಣಿಡುವ ಚಿತ್ರ ನನಗೆ ಸಹಿಸಲಾಗಲಿಲ್ಲ. ಹೆಚ್ಚಿನ ಭಯ ಬೇರೆಯೇ ಇತ್ತು. ಒತ್ತಾಯ ಮಾಡಿದರೆ ತಿಂದೂ ಬಿಡುತ್ತಾರೆ, ಮತ್ತೆ ಸಂಪಿನ ಪಕ್ಕ ಕೂರುತ್ತಾರೆ.

ಹಲಸೂರಿನ ಕೆರೆಯ ಹಿಂಬದಿಯಲ್ಲಿ ಪಟಾಲಮ್ಮ ಎಂಬಾಕೆ ಮನೆಯ ಮುಂದಿನ ಜಗಲಿಯಲ್ಲೇ ನಡೆಸುವ ಜಾಗದ ವಿಷಯ ನನಗೆ ಯಾರೋ ಹೇಳಿದ್ದರು. ನಾಲ್ಕು ಬೆಂಚು, ಎರಡು ತವಾ. ಅರವತ್ತರ ಗಟ್ಟಿ ಹೆಂಗಸು. ಆಕೆಯ ಪ್ಯಾನ್‌ಕೇಕಿಗೆ ರಾಗಿ ಹಿಟ್ಟು, ಬಾಳೆಹಣ್ಣು, ತೆಂಗಿನ ಹಾಲು. ಮೊಟ್ಟೆ ತರುವುದೇ ಇಲ್ಲ, ಗೋಧಿ, ಮೈದಾ ಮನೆಯಲ್ಲೇ ಇಲ್ಲ, ಬೀಜದ ಎಣ್ಣೆಯೂ ಇಲ್ಲ. ಬೆಲ್ಲದ ಪಾಕ ಬೇಕಾದವರಿಗೆ ಪಕ್ಕದಲ್ಲಿ. ಆಪಾ ಸೌಟು ನೋಡಲು ಬಗ್ಗಿದಾಗ ಆಕೆ, “ಚೆನ್ನಾಗಿ ನೋಡಮ್ಮಾ. ಬೇಕಾದ್ರೆ ತೊಳೆದೂ ಕೊಡು,” ಎಂದಳು. ಇಬ್ಬರೂ ಒಬ್ಬರನ್ನೊಬ್ಬರು ಅಳೆದು ನೋಡಿ ನಕ್ಕರು.

ಆಪಾ ತೂಬಾಳಿಗೆ ಫೋನ್ ಮಾಡಿದರು. “ಗುಂಡಗಿದೆಯಾ ಅಮ್ಮಿ? ಒಂದರ ಮೇಲೊಂದು ಜೋಡಿಸಿ ಕೊಡ್ತಾರಾ? ಮತ್ತಿನ್ನೇನು, ಸೂಪರ್,” ಎಂದಿತು ಹುಡುಗಿ. ಆಮೇಲೆ ಖುರ್ಷೀದ್ ಸಾಹೇಬರಿಗೆ. ಶಿವಾಜಿನಗರದಲ್ಲಿ ಸ್ಟವ್ ರಿಪೇರಿಯ ಅಂಗಡಿ ನಡೆಸುವ ಅವರ ದನಿ, ಸುತ್ತಿಗೆಯ ಸದ್ದಿನ ಮೇಲೆ ಮಾತಾಡಿ ಮಾತಾಡಿ, ಫೋನಿನಿಂದ ಆಚೆಗೂ ಕೇಳಿಸುತ್ತದೆ. ಮನೆಯಲ್ಲಿ ಅವರದು ದಖ್ನಿ ಉರ್ದು, ಅಂದೂ ಅದರಲ್ಲೇ ಹೇಳಿದರು, ನನ್ನ ಕನ್ನಡದಲ್ಲಿ ಅದು ಹೀಗೆ: “ರಾಗಿನಾ? ನಾನೇನು ಬಾಣಂತೀನಾ? ಬೆಣ್ಣೆ ಇಲ್ದಿದ್ರೆ ಅದು ಪ್ಯಾನ್‌ಕೇಕೇ ಅಲ್ಲ. ಕಮ್ಮನಹಳ್ಳೀದು ಚೆನ್ನಾಗಿದೆ ಅಂದ್ಯಲ್ಲ, ಅಲ್ಲೇ ಹೇಳ್ಬಿಡು. ಎಲ್ಲರಿಗೂ ಆಗತ್ತೆ.”

ಕೆಟ್ಟ ಮನುಷ್ಯರಲ್ಲ ಅವರು. ಹೆಂಡತಿಯ ಹೊಟ್ಟೆಯ ವಿಷಯ ಅವರಿಗೆ ಯಾರೂ ಹೇಳಿರಲಿಲ್ಲ, ಅವರೂ ಕೇಳಿರಲಿಲ್ಲ.

“ಹೇಳಿಬಿಡಿ ಆಪಾ. ಇಲ್ಲಾಂದ್ರೆ ನಾನೇ ಹೇಳ್ತೀನಿ.”

“ನೀವು ಏನೂ ಹೇಳ್ಬಾರ್ದು.” ಇಷ್ಟು ಖಚಿತವಾದ ದನಿಯನ್ನು ಅವರಿಂದ ನಾನು ಕೇಳಿರಲಿಲ್ಲ. “ಹೋಗಿ ಆಟೋ ನೋಡಿ ಅಕ್ಕಾ. ನಾನು ಸ್ವಲ್ಪ ಹೊತ್ತು ಒಬ್ಬಳೇ ಕೂತ್ಕೋತೀನಿ.”

ನಾಲ್ಕೂವರೆಯಾಗಿತ್ತು. ನಾನು ರಸ್ತೆ ದಾಟಿ ಆಚೆ ಬದಿಯಲ್ಲಿ ನಿಂತೆ. ಒಂದು ಆಟೋ ನಿಲ್ಲಿಸಿ ಫ್ರೇಜರ್ ಟೌನ್ ಎಂದೆ. ಅವನು ಆಕಾಶ ನೋಡಿಕೊಂಡು ಹೊರಟುಹೋದ. ಬೆಂಚಿನ ತುದಿಯಲ್ಲಿ ಕೂತ ಆ ಕಂದು ಸ್ವೆಟರನ್ನೇ ನೋಡುತ್ತಾ ನಿಂತಾಗ ನನಗೆ ಇಂಥ ಹೆಂಗಸರ ಇಡೀ ಒಂದು ಸಾಲು ಕಣ್ಣಮುಂದೆ ಬಂತು. ನಮ್ಮಮ್ಮ, ನನ್ನ ಓರಗಿತ್ತಿ, ಆಫೀಸಿನಲ್ಲಿ ಎಲ್ಲರ ಬೀಳ್ಕೊಡುಗೆಯ ಕೇಕು ತರುವ ಹೆಣ್ಣುಮಗಳು. ಇವರನ್ನು ನಾವು ತ್ಯಾಗಮಯಿ ಎಂದು ಕರೆದು ಕೈತೊಳೆದುಕೊಳ್ಳುತ್ತೇವೆ. ಇವರು ಮಾಡುವುದು ತ್ಯಾಗವಲ್ಲ, ಕೆಲಸ. ಬಹಳ ಬುದ್ಧಿ, ಬಹಳ ಗಮನ ಬೇಡುವ, ಹೆಸರಿಲ್ಲದ ಕೆಲಸ. ಹತ್ತು ಜನರ ಹಸಿವನ್ನು ತಲೆಯಲ್ಲಿ ಹೊತ್ತು ತಿರುಗುವವರಿಗೆ ತಮ್ಮ ಹಸಿವು ಮರೆಯುವುದು ಒಳ್ಳೆಯತನದಿಂದಲ್ಲ. ಅದನ್ನು ಮತ್ತೊಬ್ಬರು ತಮ್ಮ ತಲೆಯಲ್ಲಿ ಇಟ್ಟುಕೊಳ್ಳಬೇಕಿತ್ತು, ಯಾರೂ ಇಟ್ಟುಕೊಳ್ಳಲಿಲ್ಲ. ಇಂಥವರು ಒಂದು ದಿನ ತಮಗಾಗಿ ಏನನ್ನಾದರೂ ಆರಿಸಿಕೊಂಡರೆ ಅದನ್ನು ಕೋಪದಲ್ಲಿ ಮಾಡುವುದಿಲ್ಲ. ಮಿಕ್ಕ ಕೆಲಸದಷ್ಟೇ ಅಚ್ಚುಕಟ್ಟಾಗಿ ಮಾಡುತ್ತಾರೆ.

ಕೈಯಲ್ಲಿದ್ದ ಫೋನು ಕಿಣಿ ಎಂದಿತು. ಭಾನುವಾರಕ್ಕೆಂದು ತೂಬಾ ಮಾಡಿದ್ದ ವಾಟ್ಸಾಪ್ ಗುಂಪು. ಅದರಲ್ಲಿ ಅಜ್ಜಿಯೊಬ್ಬರನ್ನು ಬಿಟ್ಟು ಎಲ್ಲರೂ ಇದ್ದೆವು. ರಸ್ತೆಯಾಚೆ ಆಪಾ ಫೋನನ್ನು ಬಾಯಿಯ ಹತ್ತಿರದಿಂದ ಕೆಳಗಿಳಿಸುತ್ತಿದ್ದರು. ಬಂದದ್ದು ಅವರ ದನಿಯ ಸಂದೇಶ, ಮಗಳ ಗೆಳತಿಯರಿಗೂ ತಿಳಿಯಲೆಂದು ಕನ್ನಡದಲ್ಲೇ ಹೇಳಿದ್ದರು.

“ಭಾನುವಾರ ಹಲಸೂರಲ್ಲಿ, ಹತ್ತೂವರೆಗೆ. ಬೆಂಚ್ ಹಿಡಿದಾಯ್ತು. ನನಗೆ ಹಾಲು, ಮಜ್ಜಿಗೆ, ಬೆಣ್ಣೆ ಯಾವುದೂ ಆಗಲ್ಲ, ಡಾಕ್ಟರ್ ಬೇಡ ಅಂದಿದ್ದಾರೆ. ಬೆಣ್ಣೆ ಬೇಕಾದೋರು ಮನೇಲಿ ತಿಂದ್ಕೊಂಡು ಬರ್ಲಿ.”

ತಕ್ಷಣವೇ ಅವರ ಫೋನು ಹೊಡೆದುಕೊಳ್ಳತೊಡಗಿತು. ಬೆಂಚಿನ ಮೇಲೆ ಅದು ನಡುಗುವುದು ಇಲ್ಲಿಂದಲೇ ಕಾಣುತ್ತಿತ್ತು. ಅವರು ಅದನ್ನು ಬೋರಲು ಹಾಕಿದರು. ಪಟಾಲಮ್ಮ ತವಾದಿಂದ ಎರಡು ದುಂಡನೆಯ ರೊಟ್ಟಿಯಂಥವನ್ನು ಎತ್ತಿ ತಟ್ಟೆಗೆ ಹಾಕಿ ತಂದಿಟ್ಟಳು. ನನ್ನನ್ನು ಕರೆಯಬಹುದೆಂದು ಒಂದು ಹೆಜ್ಜೆ ಮುಂದಿಟ್ಟೆ. ಆಪಾ ತಟ್ಟೆಯನ್ನು ತಮ್ಮ ಕಡೆಗೆ ಎಳೆದುಕೊಂಡು ತಿನ್ನಲು ಶುರುಮಾಡಿದರು.