ಮ್ಯಾಟಿನಿಗೆ ಹತ್ತು ಟಿಕೆಟ್ಟು

ಮಗಳು ನಿಮಿಷಾ ನಿರ್ದೇಶಿಸಿದ ಸಿನಿಮಾ ಫೋನಿಗೇ ಬಂದ ಸಂತೋಷದಲ್ಲಿ ವತ್ಸಲಾ ಅದನ್ನು ಕಂಡವರಿಗೆಲ್ಲ ಕಳಿಸಿಬಿಟ್ಟಳು. ದುಬೈಯಿಂದ ಅಣ್ಣನ ಮಗ ಕಳಿಸಿದ್ದು. 'ನಮ್ಮ ಹುಡುಗಿಯ ಸಿನಿಮಾ, ಎಲ್ಲರೂ ನೋಡಿ' ಎಂದು ಬರೆದು, ತಾನು ಕೆಲಸ ಮಾಡುವ, ಕೇರಳದ ವಡಗರದ ಜವಳಿ ಅಂಗಡಿಯ ಹೆಂಗಸರ ಗುಂಪಿಗೂ ಹಾಕಿದಳು. ಅದು ಕದ್ದ ಪ್ರತಿ ಎಂದು ಅವಳಿಗೆ ಹೊಳೆಯಲೇ ಇಲ್ಲ.

ಶನಿವಾರ ನಿಮಿಷಾ ಫೋನ್ ಮಾಡಿದಳು. ಬೈಯಲಿಲ್ಲ, ಬೈದಿದ್ದರೇ ವಾಸಿಯಿತ್ತು.

"ನೀನು ಕಳಿಸಿದ್ದು ಕದ್ದ ಪ್ರತಿ. ನಾಳೆ ಮ್ಯಾಟಿನಿಗೆ ಹತ್ತು ಟಿಕೆಟ್ಟಾದ್ರೂ ಹೋಗ್ದಿದ್ರೆ ಷೋ ಹಾಕಲ್ವಂತೆ ಅಮ್ಮಾ. ಸೋಮವಾರದಿಂದ ನಮ್ಮೂರಲ್ಲಿ ಸಿನಿಮಾನೇ ಇರಲ್ಲ."

ಸಿನಿಮಾದಲ್ಲಿದ್ದದ್ದು ಅಂಗಡಿಯ ಹೆಂಗಸರದೇ ಕತೆ. ದಿನವಿಡೀ ಸೀರೆ ಬಿಡಿಸುತ್ತ ನಿಲ್ಲುವವರು, ಕೂತರೆ ಸಂಬಳ ಕಳೆದುಕೊಳ್ಳುವವರು. ವತ್ಸಲಾ ಮೊದಲು ಜೊತೆಗಾತಿ ಓಮನಾಳ ಮನೆಗೆ ಹೋಗಿ ಮ್ಯಾಟಿನಿಗೆ ಕರೆದಳು.

"ನೋಡಿಯಾಯ್ತಲ್ಲ ವತ್ಸಲಕ್ಕ, ಮತ್ತೆ ದುಡ್ಡು ಯಾಕೆ?"

"ಏನ್ ನೋಡ್ದೆ, ಹೇಳು."

"ಮೀನು ತೊಳೀತಾ ನೋಡ್ದೆ. ಪರದೆಗೆ ಯಾರದೋ ಬುರುಡೆ ಅಡ್ಡ ಇತ್ತು. ಅರ್ಧ ಮಾತು ಕೇಳಿಸ್ಲೇ ಇಲ್ಲ."

"ಕಳ್ಳಮಾಲು ಕಣೇ ಅದು. ಅಂಗಡಿಯಿಂದ ಒಂದು ಕರ್ಚೀಫು ಹೋದ್ರೂ ನಮ್ಮ ಚೀಲ ತಡಕ್ತಾರೆ. ಮಗಳ ಮೂರು ವರ್ಷದ ಕೆಲಸಾನ ನಾನೇ ಹೊರಗೆ ಸಾಗಿಸ್ಬಿಟ್ಟೆ."

ಓಮನಾ ಕತ್ತಿ ಕೆಳಗಿಟ್ಟಳು. "ಅಳ್ಬೇಡ. ನಮ್ಮಂಗಡಿ ರಂಲಾನ ಕರೀತೀನಿ. ಅವಳು ಬಂದ್ರೆ ಅವಳ ಬಾಯೂ ಬರತ್ತೆ, ಎರಡು ಟಿಕೆಟ್ಟು."

ಭಾನುವಾರ ಥಿಯೇಟರಿನ ಮುಂದೆ ಸೇರಿದ್ದು ಏಳೇ ಮಂದಿ. ವತ್ಸಲಾ ರಸ್ತೆಯ ಎರಡೂ ತುದಿ ನೋಡಿದಳು. ಯಾರೂ ಬರಲಿಲ್ಲ.

"ಮೂರು ಕಡಿಮೆ. ಷೋ ಇಲ್ಲ," ಎಂದು ಟಿಕೆಟ್ ಕೊಡುವವನು ಕಿಟಕಿ ಎಳೆಯಹೊರಟ.

ಓಮನಾ ಕೈ ಅಡ್ಡ ಹಾಕಿದಳು. "ಹತ್ತು ಟಿಕೆಟ್ಟೇ ಕೊಡಪ್ಪ. ಇಪ್ಪತ್ತು ವರ್ಷ ನಿಂತ ಕಾಲುಗಳಿವು. ಮೂರು ಕುರ್ಚಿ ಇವಕ್ಕೆ."

ಅವನಿಗೆ ನಗು ತಡೆಯಲಿಲ್ಲ. ಹತ್ತು ಟಿಕೆಟ್ಟು ಹರಿದುಕೊಟ್ಟ.

ಹೆಂಗಸರು ಸರದಿಯ ಮೇಲೆ ಕಾಲು ಚಾಚಿಕೊಂಡು ನೋಡಿದರು. ನಾಯಕಿ ಮಾಲೀಕನೆದುರು ಸ್ಟೂಲು ಎಳೆದು ಕೂತು ಮಾತಾಡಿದಾಗ ರಂಲಾ ಕೂಗಿಯೇಬಿಟ್ಟಳು: "ಅಯ್ಯೋ, ಈ ಮಾತು ನಿಮಿಷಾಗೆ ನಾನು ಹೇಳಿದ್ದು! ಫೋನಲ್ಲಿ ಬರೀ ಗೊರಗೊರ ಅಂತಿತ್ತಲ್ಲೇ!"

ಮಧ್ಯಂತರದಲ್ಲಿ ವತ್ಸಲಾ ಗುಂಪಿಗೆ ಬರೆದಳು: 'ನಾನು ಕಳಿಸಿದ್ದನ್ನು ಅಳಿಸಿ. ತಪ್ಪು ನನ್ನದು. ಅದರಲ್ಲಿ ರಂಲಾಳ ಮಾತೇ ಇಲ್ಲ.'

ಮೊದಲು ಒಬ್ಬಳು, ಆಮೇಲೆ ನಾಲ್ವರು ಕೇಳಿದರು: ನಾಳೆ ಸಂಜೆ ಷೋ ಇದೆಯಾ?

ವತ್ಸಲಾ ಕಿಟಕಿಗೆ ಓಡಿದಳು.

"ಜನ ಬಂದ್ರೆ ಇದೆ," ಎಂದ ಅವನು.

"ಬರ್ತಾರೆ," ಎಂದಳು.