ಬಳ್ಳಿಯ ಬುಡದಲ್ಲಿರದ ಆಮೆ

ಇತ್ತಂತೆ ಅಂದವರೂ ಉಂಟು, ಇರಲೇ ಇಲ್ಲ ಅಂದವರೂ ಉಂಟು. ಒಂದು ಓಣಿ, ಓಣಿಗೊಂದು ಮನೆ, ಮನೆಯಂಗಳಕ್ಕೊಂದು ದ್ರಾಕ್ಷಿಬಳ್ಳಿ, ಬಳ್ಳಿಗೊಬ್ಬಳು ಮುದುಕಿ, ಮುದುಕಿಗೊಂದು ಆಮೆ. ಚಳಿ ಕಾಲಿಟ್ಟಿತೆಂದರೆ ಮುದುಕಿ ಬಳ್ಳಿಯನ್ನು ಚಪ್ಪರದಿಂದ ಇಳಿಸಿ, ಎಳೆಕೂಸಿನ ಕೈಕಾಲು ಮಡಚಿದ ಹಾಗೆ ಮಡಚಿ, ಕಾಲುವೆ ತೋಡಿ ಮಣ್ಣಿನಲ್ಲಿ ಮಲಗಿಸುತ್ತಿದ್ದಳು. ಅದರ ಮಗ್ಗುಲಲ್ಲೇ ಆಮೆಯನ್ನೂ ಮಲಗಿಸುತ್ತಿದ್ದಳು. ಚಳಿ ಮುಗಿದು ಮಣ್ಣು ಸರಿಸಿದರೆ ಎರಡೂ ಒಟ್ಟಿಗೇ ಏಳುತ್ತಿದ್ದವು. ಯಾವುದು ಯಾವುದನ್ನು ಎಬ್ಬಿಸಿತೆಂದು ಕೇಳಿದವರಿಲ್ಲ.

ಏಳು ಸಮುದ್ರದಾಚೆಯ ಮಾತಲ್ಲ ಇದು, ತಾಷ್ಕೆಂಟಿನ ಹಳೇ ಊರಿನದು. ರಾಜರ ಕಾಲದ್ದೂ ಅಲ್ಲ, ಕಳೆದ ಫೆಬ್ರವರಿಯದು.

ಮುದುಕಿಯ ಹೆಸರು ಹೋಲ್ನಿಸಾ. ಮೊಮ್ಮಗಳು ಸನೋಬರ್ ಅವಳನ್ನು ‘ಬುವಿ’ ಎಂದು ಕರೆಯುತ್ತಿದ್ದಳು. ಅಜ್ಜಿಯನ್ನು ಆ ಓಣಿಯಲ್ಲಿ ಎಲ್ಲರೂ ಕರೆಯುವುದು ಹಾಗೆಯೇ. ಆಮೆಗೆ ಬುವಿ ಇಟ್ಟ ಹೆಸರು ಕಂಪಿರ್, ಎಂದರೆ ಮುದುಕಿ. “ಮನೇಲಿ ಇಬ್ಬರು ಮುದುಕೀರು. ಒಬ್ಬಳು ಮಾತಾಡೋದಿಲ್ಲ, ಇನ್ನೊಬ್ಬಳು ಸುಮ್ನಿರೋದಿಲ್ಲ” ಎಂದು ಬುವಿಯೇ ಹೇಳಿಕೊಂಡು ನಗುತ್ತಿದ್ದಳು.

ನವೆಂಬರಿನಲ್ಲಿ ಬುವಿ ನಲ್ಲಿಯ ಹತ್ತಿರ ಜಾರಿ ಬಿದ್ದು ಸೊಂಟ ಮುರಿದುಕೊಂಡಳು. ಬಳ್ಳಿ ಮಲಗಿಸುವ ಕೆಲಸ ಆ ವರ್ಷ ಇಪ್ಪತ್ತೊಂದರ ಸನೋಬರ್ ಪಾಲಿಗೆ ಬಂತು. ಅವಳು ಬಳ್ಳಿಯನ್ನೇನೋ ಅಚ್ಚುಕಟ್ಟಾಗಿಯೇ ಮಲಗಿಸಿದಳು. ಆದರೆ ಮಣ್ಣೆಳೆಯುತ್ತ ಎಳೆಯುತ್ತ, ನೆಲದಡಿಯಲ್ಲಿ ಚಳಿಗಾಲದ ಊರೊಂದಿದೆ, ಅಲ್ಲಿ ಬಳ್ಳಿಗಳೆಲ್ಲ ಕೂತು ಬೇಸಿಗೆಯ ಮಾತಾಡುತ್ತವೆ ಎಂದೇನೋ ಕಟ್ಟಿಕೊಳ್ಳುತ್ತ ಆಮೆಯನ್ನು ಮರೆತೇಬಿಟ್ಟಳು. ನೆನಪಾದಾಗ ಎರಡು ದಿನ ಕಳೆದಿತ್ತು. ಅಂಗಳದ ಮೂಲೆ ಮೂಲೆ ಹುಡುಕಿದಳು. ಕಂಪಿರ್ ತನ್ನಷ್ಟಕ್ಕೆ ತಾನು ಎಲ್ಲಿಯೋ ನೆಲ ಸೇರಿಬಿಟ್ಟಿತ್ತು.

ಅದೇ ಸಂಜೆ ಆಸ್ಪತ್ರೆಯಿಂದ ಫೋನು ಬಂತು.

“ಕಂಪಿರ್‌ನ ಬಳ್ಳಿ ಪಕ್ಕ ಇಟ್ಯಾ ಮಗಳೇ?”

“ಇಟ್ಟೆ ಬುವಿ. ಮುಖಕ್ಕೆ ಮಣ್ಣು ಬೀಳದ ಹಾಗೆ ಒಣಗಿದ ಎಲೆ ಹೊದಿಸಿ ಇಟ್ಟೆ.”

ಯಾಕೆ ಹಾಗೆಂದಳೋ! ‘ಇಟ್ಟೆ’ ಅನ್ನುವಷ್ಟಕ್ಕೇ ಸುಮ್ಮನಿರಬಹುದಿತ್ತು. ಎಲೆಯ ಮಾತು ತಾನಾಗಿ ನಾಲಿಗೆಗೆ ಬಂದಿತ್ತು. ಬುವಿ ಅತ್ತ ಕಡೆ ನೆಮ್ಮದಿಯ ಉಸಿರುಬಿಟ್ಟದ್ದು ಇವಳ ಕಿವಿಗೆ ಬಿತ್ತು.

ಚಳಿಗಾಲ ಮುಗಿಯುವುದರೊಳಗೆ ಓಣಿಯ ಮೇಲೆ ಅಗಲವಾದ ರಸ್ತೆ ಬರುವುದೆಂದು ಗೊತ್ತಾಯಿತು. ಮನೆಮನೆಗೂ ಹೊಸ ಕಟ್ಟಡದಲ್ಲಿ ಫ್ಲ್ಯಾಟು ಸಿಕ್ಕಿತು. ಬುವಿ ಆಸ್ಪತ್ರೆಯಿಂದ ನೇರ ನಾಲ್ಕನೆಯ ಮಹಡಿಗೇ ಹೋದಳು. ಸೋಮವಾರ ಬೆಳಿಗ್ಗೆ ಓಣಿಗೆ ಮನೆ ಕೆಡವುವ ಯಂತ್ರ ಬರುತ್ತದೆಂದು ತಿಳಿದ ದಿನ ಅವಳು ಸನೋಬರಳ ಮಣಿಕಟ್ಟು ಹಿಡಿದುಕೊಂಡಳು.

“ಕಂಪಿರ್‌ನ ಬೇಗ ಎಬ್ಬಿಸಬಾರದು, ನಂಗೂ ಗೊತ್ತು. ಆದ್ರೆ ಬೇರೆ ದಾರಿ ಇಲ್ಲ. ನೀನೇ ಕೈಯಾರೆ ತರ್ಬೇಕು. ವರ್ಷದ ಮೊದಲನೇ ನೀರು ನನ್ನ ಕಣ್ಣೆದುರಿಗೇ ಕುಡೀಬೇಕು. ಮಾತು ಕೊಡು.”

ಸನೋಬರ್ ಮಾತು ಕೊಟ್ಟಳು.

ಶುಕ್ರವಾರ ಬೆಳಿಗ್ಗೆ ತುರ್ಗುನ್ ಅಮಾಕಿ ಬಂದ. ಬುವಿಯ ಕಿರಿಯ ಮಗ, ಸನೋಬರಳ ಚಿಕ್ಕಪ್ಪ. ಕಿಟಕಿ ಬಾಗಿಲುಗಳ ಚೌಕಟ್ಟು ಬಿಚ್ಚಿ ವ್ಯಾನಿಗೆ ಹೇರಿ, ಸಲಿಕೆ ತೆಗೆದುಕೊಂಡು ಬಳ್ಳಿಯ ಕಾಲುವೆಯ ಮಣ್ಣು ಸರಿಸಿದ. ಈ ತುದಿಯಿಂದ ಆ ತುದಿಯವರೆಗೂ ಬಳ್ಳಿ ಕಂದು ಹಗ್ಗದ ಹಾಗೆ ಬಿದ್ದಿತ್ತು. ಬೇರೇನೂ ಇರಲಿಲ್ಲ.

“ಎಲ್ಲೇ ನಿಮ್ಮ ಮುದುಕಿ?”

“ಆ... ಸ್ವಲ್ಪ ಸರಿದಿರ್ಬೇಕು ಅಮಾಕಿ.”

“ಸರಿಯೋದಕ್ಕೆ ಅದೇನು ಬಸ್ಸಲ್ಲಿ ಸೀಟು ಹಿಡಿದಿತ್ತಾ? ಇಟ್ಟಿದ್ದೆಲ್ಲಿ, ಹೇಳು.”

ಸನೋಬರ್ ನೆಲ ನೋಡಿದಳು. ಅಮಾಕಿ ಅವಳ ಮುಖ ನೋಡಿದ. “ಓಹೋ” ಅಂದ, ಅಷ್ಟೇ. ಆಮೇಲೆ ಅಂಗಿಯ ತೋಳು ಮಡಚಿ ಅಂಗಳದ ನಡುವೆಯೇ ಸಲಿಕೆ ಊರಿದ.

“ಬೇಡ ಅಮಾಕಿ!” ಅವಳು ಸಲಿಕೆಯ ಹಿಡಿಗೆ ಜೋತುಬಿದ್ದಳು. “ಹುಡುಗರಾಗಿದ್ದಾಗ ನೀವೇ ಅಲ್ವಾ ಸಲಿಕೇಲಿ ಅದರ ಚಿಪ್ಪಿನ ಅಂಚು ಹಾರಿಸಿದ್ದು? ಬುವಿ ಇವತ್ತಿಗೂ ಹೇಳ್ತಾರೆ.”

“ಇವತ್ತಿಗೂ ಹೇಳ್ತಾಳೆ, ನಾಳೆನೂ ಹೇಳ್ತಾಳೆ. ಅಂಗಳ ತುಂಬ ಬೆರಳಲ್ಲಿ ಕೆರೀತಾ ಕೂರು ಹಾಗಾದ್ರೆ. ಸೋಮವಾರ ಬರೋ ಯಂತ್ರಕ್ಕೆ ಬೆರಳಿಲ್ಲ, ನೆನಪಿಟ್ಕೋ.”

ಅವನು ಚೌಕಟ್ಟು ಸಾಗಿಸಲು ಹೋದ. ಫೋನು ಗುಂಯ್‌ಗುಟ್ಟಿತು. “ಸಿಕ್ತಾ?” ಬುವಿ ಕೇಳಿದಳು. “ಬಳ್ಳಿ ಬಿಚ್ತಾ ಇದೀವಿ ಬುವಿ” ಎಂದಳು ಸನೋಬರ್. ಅದು ಸುಳ್ಳೂ ಅಲ್ಲ, ನಿಜವೂ ಅಲ್ಲ. ಅರ್ಧ ಗಂಟೆಗೆ ಮತ್ತೆ ಫೋನು. ಅವಳು ತೆಗೆಯಲಿಲ್ಲ. ಅಂಗಳದಲ್ಲಿ ಹತ್ತು ಸಲ ಅತ್ತಿಂದಿತ್ತ ಇತ್ತಿಂದತ್ತ ನಡೆದಳು. ಕಾಲಿಟ್ಟ ಕಡೆಯೆಲ್ಲ ಕೆಳಗೆ ಕಂಪಿರ್ ಇದ್ದ ಹಾಗೂ, ಕಾಲೆತ್ತಿದೊಡನೆ ಇಲ್ಲದ ಹಾಗೂ ಆಗುತ್ತಿತ್ತು. ಬಿಸಿಲಿನ ಗೋಡೆಯ ಬುಡ ಕೆರೆದಳು. ಹಳೇ ಮರದ ಬೇರು ತಡವಿದಳು. ಉಗುರಿನ ಸಂದಿಗೆಲ್ಲ ಮಣ್ಣು ತುಂಬಿ ಬೆರಳು ಉರಿಯತೊಡಗಿತು.

ನೆರೆಮನೆಯ ಚಿಕ್ಕಮ್ಮ, ಮಸ್ತುರಾ ಖೋಲಾ, ಬಾಗಿಲಿಲ್ಲದ ಬಾಗಿಲಲ್ಲಿ ನಿಂತು ನೋಡುತ್ತಿದ್ದಳು. ಓಣಿಯಲ್ಲಿ ಇನ್ನೂ ಉಳಿದಿದ್ದ ನಾಲ್ಕೈದು ಹೆಂಗಸರಲ್ಲಿ ಅವಳೊಬ್ಬಳು. ಬಾಯಿ ಮಾತ್ರ ಹತ್ತು ಜನರದು.

“ಕೋಳಿ ಹಾಗೆ ಕೆದಕ್ತಾ ಇದೀಯಲ್ಲೇ ಹುಡುಗಿ. ಆ ಆಮೆ ಶರತ್ಕಾಲದಲ್ಲಿ ಎಲ್ಲಿ ಬಿದ್ದುಕೊಂಡಿರ್ತಿತ್ತು ಅಂತಾದ್ರೂ ನೆನಪಿದ್ಯಾ, ಇಲ್ಲಾ ಆಗಲೂ ಆಕಾಶಾನೇ ನೋಡ್ತಿದ್ಯಾ?”

ಸನೋಬರಳ ಕೈ ನಿಂತಿತು. ಅಕ್ಟೋಬರಿನಲ್ಲಿ ರೊಟ್ಟಿ ಸುಟ್ಟ ದಿನಗಳಲ್ಲಿ ಕಂಪಿರ್ ತಂದೂರಿನ ಹಿಂದೆ ಹೋಗಿ ಬಿಸಿ ಮಣ್ಣಿಗೆ ಬೆನ್ನು ಒತ್ತಿಕೊಂಡು ಮಲಗುತ್ತಿತ್ತು.

ತಂದೂರು ಅಂಗಳದ ಕೊನೆಯಲ್ಲಿ ಆವರಣದ ಗೋಡೆಗೆ ಅಂಟಿಕೊಂಡಂತೆ, ಹಸಿ ಇಟ್ಟಿಗೆಯ ಕಟ್ಟೆಯ ಮೇಲೆ ಕೂತಿತ್ತು. ಹಿಂದುಗಡೆ ಒಂದು ಗೇಣು ಸಂದು. ಸನೋಬರ್ ಕವುಚಿ ಮಲಗಿ ಭುಜದವರೆಗೂ ಕೈ ತೂರಿಸಿದಳು. ಬೂದಿ, ಅದರ ಕೆಳಗೆ ಸಡಿಲ ಮಣ್ಣು, ಆ ಮಣ್ಣು ಓರೆಯಾಗಿ ಕಟ್ಟೆಯ ಅಡಿಗೇ ಇಳಿದಿತ್ತು. ಬಿಲ! ಬೆರಳಿಗೆ ತುದಿ ಎಟುಕಲಿಲ್ಲ.

ಮಧ್ಯಾಹ್ನ ಬಂದ ಅಮಾಕಿ ಬಗ್ಗಿ ನೋಡಿದ. “ಸರಿ, ಕಟ್ಟೆ ಒಡೆಯೋಣ.”

“ಒಡೆದ್ರೆ ತಂದೂರು ಅದರ ತಲೆ ಮೇಲೇ ಕೂರತ್ತೆ.”

“ಮತ್ತೇನು, ಬಾಗಿಲು ತಟ್ಟಿ ಕರೀತೀಯಾ?”

“ಹೂಂ” ಅಂದಳು ಸನೋಬರ್. “ತಂದೂರು ಹಚ್ತೀನಿ. ನೆಲ ಬಿಸಿ ಆದ್ರೆ ಚಳಿ ಮುಗೀತು ಅಂದ್ಕೊಂಡು ತಾನಾಗೇ ಬರತ್ತೆ.”

ಅಮಾಕಿ ಮಸ್ತುರಾ ಖೋಲಾಳ ಮುಖ ನೋಡಿದ. ಖೋಲಾ ಗಲ್ಲಕ್ಕೆ ಬೆರಳಿಟ್ಟಳು. “ಹುಚ್ಚಿ! ಫೆಬ್ರವರೀಲಿ ಎದ್ದು ಅದೇನು ತಿನ್ನಬೇಕು, ನಿನ್ನ ತಲೆಕೂದಲಾ? ನಿದ್ದೆ ಕೆಡಿಸಿದವರಿಗೆ ನಿದ್ದೆ ಬರಲ್ಲ ಅಂತಾರೆ.” ಆಮೇಲೆ ಕೇಳಿದಳು: “ಬರೀ ಬೆಂಕಿ ಯಾಕೆ ಹಾಳು ಮಾಡ್ತೀಯಾ? ನಮ್ಮನೇಲಿ ಅರ್ಧ ಮೂಟೆ ಹಿಟ್ಟಿದೆ. ಹೊಸ ಮನೇಲಿ ತಂದೂರು ಇಡೋ ಹಾಗಿಲ್ವಂತೆ.”

ಹತ್ತಿಗಿಡದ ಒಣಕಡ್ಡಿಯ ಕಟ್ಟು ಬಿಚ್ಚಿ ಬೆಂಕಿ ಹಾಕಿದರು. ಶನಿವಾರ ಇಡೀ ದಿನ ಉರಿಯಿತು. ಹೆಂಗಸರು ತಮ್ಮ ತಮ್ಮ ಮನೆಯ ಕೊನೆಯ ಹಿಟ್ಟು ಹೊತ್ತು ತಂದರು, ಸನೋಬರ್ ನಾದಿದಳು. ಖೋಲಾ ಉಂಡೆ ತಟ್ಟಿ, ನಡುವೆ ಮುದ್ರೆ ಒತ್ತಿ, ತಲೆ ಬಗ್ಗಿಸಿ ಒಳಗೋಡೆಗೆ ಪಟಪಟನೆ ಬಡಿದಳು. ಎಳ್ಳಿನ ಪರಿಮಳ ಖಾಲಿ ಮನೆಗಳ ಕಿಟಕಿಯಿಲ್ಲದ ಕಂಡಿಗಳಲ್ಲೆಲ್ಲ ತೂರಿ ಹೋಯಿತು. ಹೆಂಗಸರು ಕಲ್ಲುಸಕ್ಕರೆಯ ಚೂರು ಕಚ್ಚಿಕೊಂಡು ಚಹಾ ಕುಡಿದರು, ಲಿಫ್ಟಿನಲ್ಲಿ ಸಿಕ್ಕಿಹಾಕಿಕೊಂಡವರ ಕತೆ ಹೇಳಿ ನಕ್ಕರು. ಸನೋಬರ್ ಒಂದು ಕಡೆ ಕೂರಲಿಲ್ಲ. ರೊಟ್ಟಿ ಒಂದು ಸರದಿ ಇಳಿದೊಡನೆ ಹೋಗಿ ಕವುಚಿ ಮಲಗಿ ಸಂದಿನಲ್ಲಿ ಕೈ ತೂರಿಸುವಳು. ಮಣ್ಣು ತಣ್ಣಗಿತ್ತು.

“ಸಿಕ್ತಾ?” ಫೋನಿನಲ್ಲಿ ಬುವಿ.

“ಇನ್ನೂ ಎದ್ದಿಲ್ಲ ಬುವಿ.”

“ಎದ್ದಿಲ್ಲ ಅಂದ್ರೆ? ಎತ್ತಿದ್ಯಾ ಇಲ್ವಾ?”

“ರೊಟ್ಟಿ ಹೊತ್ತುತ್ತಾ ಇದೆ, ಆಮೇಲೆ ಮಾಡ್ತೀನಿ” ಎಂದು ಇಟ್ಟುಬಿಟ್ಟಳು.

ಭಾನುವಾರ ಹಿಟ್ಟು ಮುಗಿಯುತ್ತ ಬಂತು. ಮಣ್ಣು ಬೆಚ್ಚಗಾಯಿತು. ಮಧ್ಯಾಹ್ನಕ್ಕೆ ಇನ್ನೂ ಬೆಚ್ಚಗಾಯಿತು. ಈಗ ಅವಳಿಗೆ ಇನ್ನೊಂದು ಭಯ ಹಿಡಿಯಿತು. ಬಿಸಿ ಹೆಚ್ಚಾದರೆ? ಕೂಸಿನ ಸ್ನಾನದ ನೀರು ನೋಡುವ ಹಾಗೆ ಮಣಿಕಟ್ಟು ಊರಿ ಊರಿ ನೋಡಿದಳು. ಬೆಂಕಿ ಹಾಕಿದರೆ ಸುಡುತ್ತದೆ, ತೆಗೆದರೆ ಆರುತ್ತದೆ. ಒಂದು ಹಿಡಿ ಕಡ್ಡಿ ಹಾಕುವಳು, ಅರ್ಧ ಹಿಡಿ ಹಿಂದಕ್ಕೆ ಎಳೆಯುವಳು.

“ಏನೇ” ಎಂದ ಅಮಾಕಿ, ಬಿಸಿ ರೊಟ್ಟಿ ಮುರಿಯುತ್ತ, “ತಂದೂರಲ್ಲಿ ಆಮೆ ಸಮೋಸ ಸುಡ್ತಿದ್ದೀಯಾ? ಅಮ್ಮಂಗೆ ತಟ್ಟೇಲಿ ಹಾಕಿ ಕೊಡೋಣ ಬಿಡು.”

ಹೆಂಗಸರು ನಕ್ಕರು. ಸನೋಬರಳ ಕಣ್ಣಲ್ಲಿ ನೀರು ತುಂಬಿತು. ಅಮಾಕಿಯ ಬಾಯಲ್ಲಿ ರೊಟ್ಟಿ ಅಲ್ಲೇ ನಿಂತಿತು.

“ತಮಾಷೆಗಂದೆ ಕಣೇ...”

“ತಮಾಷೆ ಅಲ್ಲ ಅಮಾಕಿ. ಅದು ಒಳಗೆ ಇದ್ಯೋ ಇಲ್ವೋ ನಂಗೆ ಗೊತ್ತಿಲ್ಲ. ಬದುಕಿದ್ಯೋ ಅದೂ ಗೊತ್ತಿಲ್ಲ. ನಾನು ಅದನ್ನ ಮಲಗಿಸ್ಲೇ ಇಲ್ಲ. ಬುವಿ ಹತ್ರ ಸುಳ್ಳು ಹೇಳ್ದೆ.”

ಮಸ್ತುರಾ ಖೋಲಾ ಕೊನೆಯ ಉಂಡೆಯನ್ನು ತಟ್ಟದೆ ಕೈಯಲ್ಲೇ ಹಿಡಿದುಕೊಂಡು, “ಶ್!” ಅಂದಳು. “ನಿಮ್ಮಿಬ್ಬರ ಪುರಾಣ ನಿಲ್ಸಿ. ಕೇಳಿ.”

ಕೆರೆಯುವ ಸದ್ದು. ಹಳೇ ಪೆಟ್ಟಿಗೆಯನ್ನು ಯಾರೋ ನೆಲದ ಮೇಲೆ ಇಷ್ಟಿಷ್ಟೇ ಎಳೆದ ಹಾಗೆ. ನಿಂತಿತು. ಮತ್ತೆ ಶುರುವಾಯಿತು.

ಸನೋಬರ್ ನೆಲಕ್ಕೆ ಬಿದ್ದವಳೇ ಸಂದಿನಲ್ಲಿ ಮುಖ ಇಟ್ಟಳು. ಬೂದಿ ಉಬ್ಬಿತು, ಬಿರುಕು ಬಿಟ್ಟಿತು. ಮಣ್ಣು ಮೆತ್ತಿದ ಮೂತಿಯೊಂದು ಹೊರಬಂತು. ಕಣ್ಣು ಎರಡೂ ಮುಚ್ಚಿದ್ದವು. ಒಂದು ಮುಂಗಾಲು ಹೊರಬಂದು, ಚಳಿ ತಗುಲಿತೇನೋ, ಹಾಗೇ ನಿಂತುಬಿಟ್ಟಿತು. ಇನ್ನೊಂದು ಗಳಿಗೆ ಬಿಟ್ಟರೆ ವಾಪಸು ಹೋಗುವುದು ಖಂಡಿತ. ಸನೋಬರ್ ತೋಳು ತರಚಿಕೊಳ್ಳುತ್ತ ಕೈ ಚಾಚಿದಳು. ಚಿಪ್ಪಿನ ಅಂಚು ಸಿಕ್ಕಿತು, ಹಾರಿಹೋಗಿದ್ದ ಚೂರಿನ ಗುಳಿ ಹೆಬ್ಬೆರಳಿಗೆ ಸಿಕ್ಕಿತು. ಎಳೆದಳು.

“ನನ್ನ ಸಲಿಕೆ ಕೆಲಸಕ್ಕೆ ಬಂತು ನೋಡು” ಎಂದ ಅಮಾಕಿ.

ಕಂಪಿರ್ ಅವಳು ನೆನೆದಿದ್ದಕ್ಕಿಂತ ಹಗುರಾಗಿತ್ತು. ಕಣ್ಣು ತೆರೆಯಲಿಲ್ಲ. ಕಾಲು ಜೋತಾಡುತ್ತಿದ್ದವು. ಖೋಲಾ ತನ್ನ ಕುತ್ತಿಗೆಯ ಶಾಲು ಎಳೆದು ಕೊಟ್ಟಳು. “ಸುತ್ತು. ಬೆಂಕಿ ಹತ್ರ ಬೇಡ, ಎದೆ ಹತ್ರಾನೂ ಬೇಡ, ನಿಧಾನ ಬೆಚ್ಚಗಾಗ್ಲಿ. ಹೋಗು, ಹೋಗೇ, ಇನ್ನೂ ನಿಂತಿದ್ದೀಯಲ್ಲ!”

ವ್ಯಾನಿನಲ್ಲಿ ದಾರಿಯುದ್ದಕ್ಕೂ ಸನೋಬರ್ ಶಾಲಿನ ಒಳಗೆ ಒಂದು ಬೆರಳಿಟ್ಟು ಕೂತಿದ್ದಳು. ಒಮ್ಮೆ ಅಲುಗಿದ ಹಾಗಾಯಿತು. ಅದು ವ್ಯಾನಿನ ಕುಲುಕಾಟವೂ ಇರಬಹುದು. ನಾಲ್ಕು ಮಹಡಿ ಮೆಟ್ಟಿಲು ಹತ್ತಿದಳು. ಲಿಫ್ಟಿಗೆ ಕಾಯುವ ತಾಳ್ಮೆ ಇರಲಿಲ್ಲ.

ಬುವಿ ಊರುಗೋಲು ಹಿಡಿದು ಬಾಗಿಲಲ್ಲೇ ನಿಂತಿದ್ದಳು. ಗಂಟಿನೊಳಗೆ ಇಣುಕಿ, ಚಿಪ್ಪಿನ ಮೇಲೆ ಅಂಗೈ ಆಡಿಸಿದಳು.

“ಇಷ್ಟೊಂದು ಬೂದಿ ಯಾಕೇ? ಬಳ್ಳಿ ತುದಿ ಕಡೆ ಇತ್ತಾ, ಬುಡದ ಕಡೆ ಇತ್ತಾ?”

ಅಮಾಕಿ ಬಾಯಿ ತೆರೆದ. “ಬುಡದ ಕಡೆ ಅಮ್ಮಾ, ಅಲ್ಲೇ...”

“ಇಲ್ಲ ಬುವಿ” ಎಂದಳು ಸನೋಬರ್. “ಬಳ್ಳಿ ಹತ್ರ ಇರ್ಲೇ ಇಲ್ಲ. ನಾನು ಮಲಗಿಸ್ಲಿಲ್ಲ, ಮರೆತೆ. ಅದೇ ಹೋಗಿ ತಂದೂರಿನ ಕೆಳಗೆ ಸೇರಿತ್ತು. ಎರಡು ದಿನ ಬೆಂಕಿ ಹಾಕಿ ಎಬ್ಬಿಸಿದ್ವಿ. ಎಲೆ ಹೊದಿಸಿದ್ದು... ಸುಳ್ಳು.”

ಬುವಿ ಅವಳನ್ನೇ ನೋಡಿದಳು. ಬೈದಿದ್ದರೆ ಹಗುರಾಗುತ್ತಿತ್ತು.

“ಆಸ್ಪತ್ರೇಲಿ ನೋವು ತಡೀಲಾರದೆ ಇದ್ದಾಗ” ಎಂದಳು ಬುವಿ ನಿಧಾನವಾಗಿ, “ಆ ಎಲೆ ನೆನೆಸ್ಕೊಂಡೇ ಕಣೇ ನಾನು ನಿದ್ದೆ ಮಾಡ್ತಿದ್ದಿದ್ದು. ಒಂದೊಂದು ಎಲೇನೂ ಎಣಿಸ್ತಿದ್ದೆ.”

“ಬುವಿ...”

“ಸುಮ್ನಿರು. ನಿನ್ನ ವಿಚಾರ ಆಮೇಲೆ. ನಾಳೆಯಿಂದ ಅದಕ್ಕೆ ಹಸಿರು ತಂದು ಹಾಕೋಳು ನೀನೇ, ಮಂಜಲ್ಲಿ ಹುಡುಕ್ತೀಯೋ ಸಂತೇಲಿ ಹುಡುಕ್ತೀಯೋ ನಂಗೊತ್ತಿಲ್ಲ. ಈಗ ಬೋಗುಣಿ ತಾ. ನೀರು ಬಿಸಿ ಬೇಡ, ಮೊಣಕೈ ಅದ್ದಿದ್ರೆ ಬಿಸೀನೋ ತಣ್ಣಗೋ ಗೊತ್ತಾಗ್ಬಾರ್ದು, ಅಷ್ಟು.”

ಸನೋಬರ್ ಮೂರು ಸಲ ನೀರು ಚೆಲ್ಲಿ ಮೂರು ಸಲ ಹದ ಮಾಡಿದಳು. ಬೋಗುಣಿಯನ್ನು ಬುವಿಯ ಕಾಲ ಬಳಿ ಇಟ್ಟು, ಕಂಪಿರ್‌ನ ಗಲ್ಲ ಮುಟ್ಟುವಷ್ಟೇ ನೀರಿನಲ್ಲಿ ಇಳಿಸಿದಳು. ನೀರು ಬೂದಿಬಣ್ಣಕ್ಕೆ ತಿರುಗಿತು. ಆಮೆ ಕಲ್ಲಿನ ಹಾಗೆ ಕೂತಿತ್ತು. ಬುವಿ ಬೆರಳು ಅದ್ದಿ ಅದರ ಕಣ್ಣಿನ ಮಣ್ಣನ್ನು ತೊಟ್ಟು ತೊಟ್ಟಾಗಿ ನೆನೆಸಿದಳು. ಕೆಳಗೆ ಯಾರದೋ ಮನೆಯ ಸಾಮಾನು ಇಳಿಸುವ ಸದ್ದು. ಅಮಾಕಿ ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡ.

ಬಲಗಣ್ಣು ಒಂದು ಗೀರಿನಷ್ಟು ತೆರೆಯಿತು. ಕತ್ತು ಮೆಲ್ಲಗೆ ಮುಂದೆ ಚಾಚಿ, ಮೂತಿ ನೀರಿಗೆ ಇಳಿಯಿತು. ಆಮೇಲೆ ಗಂಟಲ ಕೆಳಗಿನ ಸಡಿಲ ಚರ್ಮ ಒಮ್ಮೆ ಮಿಡಿಯಿತು, ಇನ್ನೊಮ್ಮೆ ಮಿಡಿಯಿತು, ಬಿಡದೆ ಮಿಡಿಯತೊಡಗಿತು. ಬುವಿಯ ಕಣ್ಣೆದುರಿಗೇ ಕಂಪಿರ್ ನೀರು ಕುಡಿಯಿತು.