ನೀರು ಹತ್ತದ ತಿಂಡಿ

ನಮ್ಮ ಇಂದಿರಾಬಾಯಿ ಅತ್ಯಾನ ರಕ್ತ ತೆಗೆದು ಪರೀಕ್ಷೆ ಮಾಡಿದವಳು ನಾನೇ. ನರಗುಂದದ ಒಂದು ಸಣ್ಣ ಲ್ಯಾಬಿನಲ್ಲಿ ಹದಿನೈದು ವರ್ಷದಿಂದ ಊರ ಮಂದಿಯ ರಕ್ತ ತೆಗೆಯುತ್ತ ಬಂದಿದ್ದೇನೆ. ಹಿಮೋಗ್ಲೋಬಿನ್ ಏಳೂವರೆ ಎಂದು ಯಾರದೋ ಚೀಟಿಯ ಮೇಲೆ ಬರೆಯುವಾಗ ನಾನು ಎರಡನೆಯ ಸಲ ಪರೀಕ್ಷಿಸಿ ನೋಡುವುದಿಲ್ಲ. ಅವತ್ತು ನೋಡಿದೆ, ಆಗಲೂ ಏಳೂವರೆಯೇ. ಅತ್ಯಾ ತುಳಸಿಗೆ ನೀರು ಹಾಕಲು ಹಿತ್ತಲಿಗೆ ಹೋದವರು ಕಣ್ಣು ಕತ್ತಲೆಗಟ್ಟಿ ಬಿದ್ದು, ಹಣೆಗೆ ನಾಲ್ಕು ಹೊಲಿಗೆ ಹಾಕಿಸಿಕೊಂಡಿದ್ದರು. ತೂಕ ಮೂವತ್ತಾರು ಕಿಲೋ. ಡಾಕ್ಟರು ನನ್ನನ್ನು ಬದಿಗೆ ಕರೆದರು.

"ಗುಳಿಗಿ ನಾ ಬೇಕಾದಷ್ಟ ಬರ್ದು ಕೊಡ್ತೀನಿ. ಆದ್ರ ಸಂಜಿಮುಂದ ಹೊಟ್ಟಿಗೆ ಏನರ ಬೀಳಬೇಕ್ರಿ. ಇನ್ನೊಮ್ಮೆ ಬಿದ್ರ ಏಳ್ತಾರಂತ ನಾ ಖಾತ್ರಿ ಕೊಡೂದಿಲ್ಲ."

ಡಾಕ್ಟರಿಗೇನು, 'ಏನರ' ಎನ್ನುವುದು ಸುಲಭ. ಅತ್ಯಾ ನನ್ನ ಗಂಡ ವಿಜಯೇಂದ್ರನ ಸೋದರತ್ತೆ. ಹದಿನಾರು ವರ್ಷದ ಹಿಂದೆ ಗಂಡ ತೀರಿಕೊಂಡ ಮೇಲೆ ನಮ್ಮ ಮನೆಗೆ ಬಂದರು. ಅಂದಿನಿಂದ ಅವರದು ಮಧ್ಯಾಹ್ನ ಒಂದೇ ಹೊತ್ತು ಊಟ. ಸಂಜೆಗೆ ಫಲಾರ, ಅದಕ್ಕೂ ಕಾಯಿದೆ. ನೀರು ಹಾಕಿ ಒಲೆಯ ಮೇಲೆ ಬೇಯಿಸಿದ್ದೆಲ್ಲ ಮುಸುರೆ, ಸಂಜೆ ಅದನ್ನು ಅವರು ಮುಟ್ಟುವುದಿಲ್ಲ. ಹಾಲಿನಲ್ಲಿ ಕಲಸಿದ್ದು, ತುಪ್ಪದಲ್ಲಿ ಹುರಿದದ್ದು ನಡೆಯುತ್ತದೆ. ಆದರೆ ಈಚೆಗೆ ಹಾಲಿನ ವಾಸನೆಗೇ ವಾಂತಿ ಬರುತ್ತಿತ್ತು. ಉಂಡೆ ಕಡಿಯಲು ಹಲ್ಲಿಲ್ಲ. ಬಾಳೆಹಣ್ಣು ತಿಂದರೆ ಕೆಮ್ಮು. ಹೀಗಾಗಿ ಎರಡು ಖರ್ಜೂರ ಚೀಪಿ ಸಂಜೆ ಕಳೆಯುತ್ತಿದ್ದರು.

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ. "ಜೀವಕ್ಕಿಂತ ನೇಮ ದೊಡ್ಡದೇನ್ರಿ ಅತ್ಯಾ?" ಎಂದು ಮುಖದ ಮೇಲೆಯೇ ಕೇಳಿದೆ. ಅವರು ಸಿಟ್ಟಾಗಲಿಲ್ಲ.

"ಅವರು ಹೋದ ದಿವಸ ಹಿಡದದ್ದು ಅನಘಾ. ಮನಿ ಹೋತು, ಹೊಲ ಹೋತು, ಹಲ್ಲೂ ಹೋದ್ವು. ನಂದು ಅಂತ ಉಳದದ್ದು ಇದೊಂದ ನೋಡು."

ರೋಣದ ಕಾಲೇಜಿನಿಂದ ಬಸ್ಸಿನಲ್ಲಿ ಜೋಲಿ ಹೊಡೆಯುತ್ತ ಬಂದ ವಿಜಯೇಂದ್ರನಿಗೆ ಹೇಳಿದರೆ, "ಅತ್ಯಾನ ಹಟ ನಿನಗ ಗೊತ್ತಿಲ್ಲೇನು" ಎಂದು ಕೈತೊಳೆದುಕೊಂಡ. ಗಂಡಸರಿಗೆ ಹಟ ಎನ್ನುವುದು ಒಂದು ಶಬ್ದ. ಅದರ ಮುಂದೆ ದಿನಾ ಸಂಜೆ ತಟ್ಟೆ ಹಿಡಿದು ನಿಲ್ಲುವವಳಿಗೆ ಅದು ಗೋಡೆ.

ದಾರಿ ತೋರಿಸಿದವಳು ಹೀನಾ. ಲ್ಯಾಬಿನಲ್ಲಿ ನನ್ನ ಪಕ್ಕದ ಮೇಜಿನವಳು, ಮನೆಯಲ್ಲಿ ಆರ್ಡರ್ ಹಿಡಿದು ಕೇಕು ಮಾಡುತ್ತಾಳೆ. ಬುತ್ತಿ ಬಿಚ್ಚಿ ಕೂತಾಗ ನನ್ನ ಗೋಳನ್ನೆಲ್ಲ ಕೇಳಿ, ಮೊಬೈಲು ತೆಗೆದಳು.

"ಮೇಡಂ, ತತ್ತಿ ಇಲ್ಲ, ನೀರ ಇಲ್ಲ, ಅಂಥಾದು ಒಂದ ಐತ್ರಿ. ಆ್ಯಪಲ್ ಕ್ರಂಬಲ್ ಅಂತಾರ. ಮೆತ್ತಗ ಇರ್ತದ, ಹಲ್ಲ ಬೇಕಾಗಂಗಿಲ್ಲ."

ವಿಡಿಯೋದಲ್ಲಿ ಒಬ್ಬ ಫ್ರೆಂಚ್ ಹೆಂಗಸು ಸೇಬು ಹೆಚ್ಚಿ, ಸಕ್ಕರೆ ಬೆರೆಸಿ ತಟ್ಟೆಗೆ ಹಾಕಿದಳು. ಹಿಟ್ಟು, ಬೆಣ್ಣೆ, ಸಕ್ಕರೆ ಮೂರನ್ನೂ ಬೆರಳ ತುದಿಯಲ್ಲಿ ತಿಕ್ಕಿ ತಿಕ್ಕಿ ಉದುರುದುರಾದ ಪುಡಿ ಮಾಡಿ, ಅದನ್ನು ಸೇಬಿನ ಮೇಲೆ ಹರಡಿ ಓವನ್ನಿನಲ್ಲಿಟ್ಟಳು. ಅಷ್ಟೇ. ಎಲ್ಲಾದರೂ ನೀರು ಹಾಕುತ್ತಾಳೇನೋ ಎಂದು ನಾನು ಮೂರು ಸಲ ನೋಡಿದೆ. ಕೈ ತೊಳೆಯಲಿಕ್ಕೆ ಬಿಟ್ಟರೆ ಅವಳು ನಳ ತಿರುವಲೇ ಇಲ್ಲ. ಹೀನಾ ತನ್ನ ಓವನ್ ಒಯ್ಯಿರಿ ಎಂದಳು. ನಾನು ಬೇಡವೆಂದೆ. ಯಾಕೆಂದು ಅವಳು ಕೇಳಲಿಲ್ಲ. ಕೇಳದೇ ಬಿಟ್ಟಳಲ್ಲ, ಅದಕ್ಕೆ ನನಗೆ ಹೆಚ್ಚು ನಾಚಿಕೆಯಾಯಿತು.

ಸಂಜೆ ಮನೆಯಲ್ಲಿ ಹೇಳಿದಾಗ ಅತ್ಯಾ ವಕೀಲರ ಹಾಗೆ ವಿಚಾರಣೆ ನಡೆಸಿದರು.

"ಯಾವ ದೇಶದ್ದು?"

"ಮಾಡಿ ತೋರಿಸಿದಾಕಿ ಫ್ರಾನ್ಸಿನಾಕಿರಿ."

"ಅಲ್ಲೂ ಮಡಿ ಮಾಡ್ತಾರೇನು?"

"ಈ ತಿಂಡಿ ಮಟ್ಟಿಗೆ ಮಾಡ್ತಾರ್ರಿ."

ಬಹಳ ದಿನಗಳ ಮೇಲೆ ನಕ್ಕರು. ಮೈದಾ ಬೇಡ, ಮನೆಯ ಜವೆಗೋಧಿ ಹಿಟ್ಟು. ಅಂಗಡಿಯ ಬೆಣ್ಣೆ ಬೇಡ, ಮನೆಯಲ್ಲಿ ಕಡೆದದ್ದು. ದಾಲ್ಚಿನ್ನಿ ಬೇಡ, ಯಾಲಕ್ಕಿ ಸಾಕು. ಇಷ್ಟಾದರೆ ಒಪ್ಪಿಗೆ ಎಂದರು.

ಲ್ಯಾಬಿನಿಂದ ಬಂದು, ಸ್ನಾನ ಮಾಡಿ, ಮಡಿಸೀರೆ ಉಟ್ಟು ಒಲೆಯ ಮುಂದೆ ನಿಲ್ಲುತ್ತಿದ್ದೆ. ಓವನ್ನಿನ ಬದಲಿಗೆ ದಪ್ಪ ತಳದ ಹಿತ್ತಾಳೆ ಪಾತೇಲಿ. ಅದರಲ್ಲಿ ಎರಡು ಬೆರಳಷ್ಟು ಒಣ ಉಸುಕು, ಉಸುಕಿನ ಮೇಲೆ ತಟ್ಟೆ, ಮುಚ್ಚಳದ ಮೇಲೆ ಇದ್ದಲಿಯ ಕೆಂಡ. ಮೊದಲ ದಿನ ಮೇಲಿನ ಪುಡಿ ಹಸಿಹಸಿ ಉಳಿಯಿತು. ಎರಡನೆಯ ದಿನ ಸೀದು ಕರಕಲಾಯಿತು. ಮೂರನೆಯ ದಿನ ಮುಚ್ಚಳ ತೆಗೆದಾಗ ಬೆಣ್ಣೆ ಕಾಯಿಸಿದ ಘಮ ಪಡಸಾಲೆಯವರೆಗೂ ಹೋಯಿತು. ಪುಡಿ ಹೊಂಬಣ್ಣಕ್ಕೆ ತಿರುಗಿತ್ತು, ಅಂಚಿನಲ್ಲಿ ಸೇಬಿನ ರಸ ಕುದಿಯುತ್ತಿತ್ತು. ಅತ್ಯಾ ಒಂದು ಚಮಚ ಬಾಯಿಗಿಟ್ಟು ಕಣ್ಣು ಮುಚ್ಚಿದರು. ಆಮೇಲೆ ತಟ್ಟೆಯನ್ನು ತಮ್ಮ ಕಡೆಗೆ ಎಳೆದುಕೊಂಡರು. ನಾನು ಒಳಗೆ ಹೋಗಿ ಅತ್ತುಬಿಟ್ಟೆ.

ಹನ್ನೆರಡು ದಿನ ಹೀಗೇ ನಡೆಯಿತು. ಅತ್ಯಾ ಗೋಡೆ ಹಿಡಿದು ಬಾಗಿಲತನಕ ಬರುವಂತಾದರು. ಕಸ ಸರಿಯಾಗಿ ಹೊಡೆದಿಲ್ಲ ಎಂದು ನನಗೆ ಬೈಯಲೂ ಶುರುಮಾಡಿದರು. ಅದಕ್ಕಿಂತ ಒಳ್ಳೆಯ ಲಕ್ಷಣ ಇನ್ನೇನು ಬೇಕು?

ಹದಿಮೂರನೆಯ ದಿನ ಚಿಕ್ಕನರಗುಂದದಲ್ಲಿ ರಕ್ತ ತಪಾಸಣೆಯ ಕ್ಯಾಂಪು. ಬಸ್ಸು ತಡವಾಗಿ ಮನೆ ಮುಟ್ಟಿದಾಗ ಆರು ದಾಟಿತ್ತು. ಅತ್ಯಾ ಆಗಲೇ ಮಣೆಯ ಮೇಲೆ ಕೂತಿದ್ದರು. ಅವತ್ತಿನದು ಹೊಸದಾಗಿ ತಂದ ಬೇಸಿಗೆಯ ಸೇಬು, ಎಂದು ಕಿತ್ತದ್ದೋ ಏನೋ, ಹೆಚ್ಚಿದರೆ ಒಳಗೆ ಹಿಟ್ಟು ಹಿಟ್ಟು, ರಸದ ಹೆಸರಿಲ್ಲ. ಲಗುಲಗು ಆಗಲಿ ಎಂದು ಹೋಳುಗಳನ್ನು ಮೊದಲು ತುಪ್ಪದಲ್ಲಿ ಬಾಡಿಸಲು ಇಟ್ಟು, ಈ ಕಡೆ ಹಿಟ್ಟು ತಿಕ್ಕುತ್ತಿದ್ದೆ. ತಳ ಹಿಡಿದ ವಾಸನೆ ಬಂತು. ಕೈ ತಂಬಿಗೆಗೆ ಹೋಯಿತು. ಚುಂಯ್ ಎಂದಿತು.

ಪಲ್ಯ ತಳ ಹಿಡಿದರೆ ನಾಲ್ಕು ಹನಿ ನೀರು ಚಿಮುಕಿಸುವುದನ್ನು ಈ ಕೈ ಮೂವತ್ತು ವರ್ಷದಿಂದ ಮಾಡುತ್ತ ಬಂದಿದೆ. ಅದಕ್ಕೆ ಯಾರ ಅಪ್ಪಣೆಯೂ ಬೇಕಿಲ್ಲ. ತಂಬಿಗೆ ಹಿಡಿದುಕೊಂಡು ಹಾಗೆಯೇ ನಿಂತೆ. ಮನೆಯಲ್ಲಿ ಇನ್ನೊಂದು ಸೇಬು ಇರಲಿಲ್ಲ. "ಆತೇನವಾ?" ಎಂದು ಹೊರಗಿನಿಂದ ಅತ್ಯಾ ಕೇಳಿದರು. ಆ ದನಿಯಲ್ಲಿ ಆಸೆ ಇತ್ತು. ಹದಿನಾರು ವರ್ಷದಲ್ಲಿ ಅವರು ಊಟಕ್ಕಾಗಿ ಹಾಗೆ ಕೇಳಿದ್ದನ್ನು ನಾನು ಕಂಡಿಲ್ಲ. ಸೇಬಿನ ರಸವೂ ನೀರೇ ಅಲ್ಲವೇ ಎಂದು ನನಗೆ ನಾನೇ ಹೇಳಿಕೊಂಡೆ. ಪುಡಿ ಹರಡಿ ಪಾತೇಲಿಯಲ್ಲಿಟ್ಟೆ.

ಅತ್ಯಾ ತಟ್ಟೆ ಬಳಿದು ತಿಂದರು.

"ಇವತ್ತ ಭಾಳ ಚಲೋ ಆಗೇದ ಅನಘಾ. ಬಾಯಾಗ ಇಟ್ರ ಕರಗತದ. ದಿನಾ ಹಿಂಗ ಮಾಡು."

ಮರುದಿನ ನೀರಿಲ್ಲದೆ ಮಾಡಿದೆ. ಹೋಳು ಮೆತ್ತಗಾಗಲಿಲ್ಲ, ವಸಡಿಗೆ ಚುಚ್ಚುತ್ತದೆ ಎಂದು ಅರ್ಧ ಬಿಟ್ಟರು. ಯಾಲಕ್ಕಿಯಲ್ಲಿ ವಾಸನೆ ಮುಚ್ಚೀತೆಂದು ಹಾಲು ಹಾಕಿ ನೋಡಿದೆ, ಸೇಬಿನ ಹುಳಿಗೆ ಒಡೆಯಿತು. ತುಪ್ಪ ಹೆಚ್ಚಿಗೆ ಸುರಿದೆ, ಜಿಡ್ಡಿಗೆ ಕೆಮ್ಮು ಹತ್ತಿತು. ಗದಗಿನಿಂದ ಬೇರೆ ಸೇಬು ತರಿಸಿದೆ, ಅವೂ ಅದೇ ಜಾತಿ. ನಾಲ್ಕನೆಯ ಸಂಜೆ ಅತ್ಯಾ ಎರಡು ಚಮಚ ತಿಂದು ತಟ್ಟೆ ಸರಿಸಿದರು. ಐದನೆಯ ಸಂಜೆ ನಾನು ಅಡಿಗೆಮನೆಯ ಕದ ಮುಂದಕ್ಕೆ ಮಾಡಿ, ಅರ್ಧ ಬಟ್ಟಲು ನೀರು ಅಳೆದು ಹಾಕಿದೆ. ಮೊದಲ ಸಲ ಕೈ ತಪ್ಪಿತ್ತು. ಈ ಸಲ ತಪ್ಪಿರಲಿಲ್ಲ.

ವಿಜಯೇಂದ್ರನಿಗೆ ಹೇಳಿದೆ. ಅವನು ಓದುತ್ತಿದ್ದ ಪೇಪರು ಮಡಿಚಿದ.

"ಹೇಳಬ್ಯಾಡ. ಗೊತ್ತಿಲ್ಲದ ತಿಂದವರಿಗೆ ದೋಷ ಇಲ್ಲ."

"ಮತ್ತ ಗೊತ್ತಿದ್ದು ಮಾಡಿದಾಕಿಗೆ?"

ಅವನು ಪೇಪರು ಬಿಡಿಸಿದ.

ಮೂರು ವಾರ ಮಾಡಿದೆ. ಹಿಮೋಗ್ಲೋಬಿನ್ ಒಂಬತ್ತಕ್ಕೆ ಬಂತು, ತೂಕ ಮೂವತ್ತೊಂಬತ್ತಾಯಿತು. ಡಾಕ್ಟರು "ಶಾಭಾಸ್" ಎಂದು ನನ್ನನ್ನೇ ಹೊಗಳಿದರು. ಆ ಚೀಟಿ ಹಿಡಿದು ಮನೆಗೆ ಬರುವಾಗ ಖುಷಿಯಾಯಿತು, ಆ ನೀರಿನ ಭಯವೂ ಜೊತೆಗೇ ಬಂತು. ಅತ್ಯಾ ಮಾತ್ರ ದಿನದಿನಕ್ಕೆ ನನ್ನನ್ನು ಹೆಚ್ಚು ನಂಬುತ್ತ ಹೋದರು. ಮೊದಲು ಹಿಟ್ಟು ಯಾವುದು, ಬೆಣ್ಣೆ ಯಾವುದು ಎಂದು ಹೊರಗಿನಿಂದಲೇ ಕೇಳುತ್ತಿದ್ದವರು, ಈಗ ಕಣ್ಣು ಮುಚ್ಚಿ ಜಪ ಮಾಡುತ್ತ ಕೂರುತ್ತಿದ್ದರು.

ಆ ಚೀಟಿ ತಂದ ಸಂಜೆಯೂ ಹಾಗೇ ಕೂತಿದ್ದರು. ನಾನು ಬಿಸಿ ತಟ್ಟೆ ತಂದು ಮುಂದಿಟ್ಟೆ. ಅತ್ಯಾ ಚಮಚ ತೆಗೆದುಕೊಂಡು, ಎರಡು ಸಲ ತಿಂದು, ಮೂರನೆಯದು ಕೈಯಲ್ಲಿ ಹಿಡಿದುಕೊಂಡು ಹೇಳಿದರು:

"ಇನ್ನ ನಾ ಹೋದ್ರೂ ಚಿಂತಿಲ್ಲ. ಅವರು ಮ್ಯಾಲ ಭೆಟ್ಟಿ ಆದ್ರ ಹೇಳ್ತೀನಿ, ಹದಿನಾರು ವರ್ಷ ನೇಮ ಮುರೀಲಿಲ್ಲ, ಕಡೀಕ ಮುರೀತಿತ್ತು, ಅನಘಾ ಮುರೀಗೊಡಲಿಲ್ಲ ಅಂತ."

ನನಗೆ ತಡೆಯಲಾಗಲಿಲ್ಲ.

"ನೀರ ಹತ್ತೇದ್ರಿ ಅತ್ಯಾ" ಎಂದುಬಿಟ್ಟೆ. "ಇವತ್ತಲ್ಲ. ಮೂರು ವಾರ ಆತು. ನಾನ ಹಾಕೀನಿ. ಕೈಯಾರೆ ಹಾಕೀನಿ."

ಅವರ ಕೈಯಲ್ಲಿನ ಚಮಚ ಅಲ್ಲಿಯೇ ನಿಂತಿತು. ನಾನು ಎಲ್ಲವನ್ನೂ ಹೇಳಿದೆ. ಕ್ಯಾಂಪು, ತಂಬಿಗೆ, ಒಡೆದ ಹಾಲು, ಮುಂದಕ್ಕೆ ಮಾಡಿದ ಕದ, ಒಂದನ್ನೂ ಬಿಡಲಿಲ್ಲ. ಹೇಳುತ್ತ ಹೋದಂತೆ ಎದೆ ಹಗುರವಾಯಿತು. ಆ ಹಗುರವೇ ನನಗೆ ನನ್ನ ಬಣ್ಣ ತೋರಿಸಿತು. ನಾನು ಹೇಳಿದ್ದು ಅವರ ಸಲುವಾಗಿ ಅಲ್ಲ. ನನ್ನ ಹೊರೆ ಇಳಿಸಿಕೊಳ್ಳಲಿಕ್ಕೆ, ಮೂವತ್ತೊಂಬತ್ತು ಕಿಲೋದ ಮುದುಕಿಯ ತಲೆಯ ಮೇಲೆ ಅದನ್ನು ಇಟ್ಟೆ.

ಬೈಯಲಿ ಎಂದು ಕಾದೆ. ಬೈಯಲಿಲ್ಲ. ಚಮಚ ತಟ್ಟೆಯಲ್ಲಿಟ್ಟು, ಎದ್ದು, ಗೋಡೆ ಹಿಡಿಯದೆಯೇ ಬಚ್ಚಲಿಗೆ ಹೋಗಿ ಬಾಯಿ ಮುಕ್ಕಳಿಸಿ ಬಂದು ಮತ್ತೆ ಮಣೆಯ ಮೇಲೆ ಕೂತರು. ನಾನು ಅವರ ಕಾಲು ಹಿಡಿದೆ.

"ಇನ್ನ ಹಾಕೂದಿಲ್ರಿ. ಆಣಿ ಮಾಡ್ತೀನಿ. ನಾಳಿಯಿಂದ ನಿಮ್ಮ ಕಣ್ಮುಂದನ ಮಾಡ್ತೀನಿ, ಹನಿ ನೀರ ಒಳಗ ಇಡೂದಿಲ್ಲ."

"ನೀರ ಇಲ್ದ ಮಾಡಿದ್ರ ನನಗ ನುಂಗಾಕ ಬರೂದಿಲ್ಲ. ನೀರ ಹಾಕಿದ್ರ ನಾ ತಿನ್ನೂಹಂಗಿಲ್ಲ" ಎಂದರು, ಯಾರದೋ ಮನೆಯ ಲೆಕ್ಕ ಹೇಳುವಷ್ಟು ಶಾಂತವಾಗಿ. ಆಮೇಲೆ ನನ್ನ ತಲೆಯ ಮೇಲೆ ಕೈಯಿಟ್ಟರು. "ನೀ ನನ್ನ ಜೀವ ಉಳಸಲಿಕ್ಕೆ ಹಾಕೀದಿ. ಅದ ನನಗ ತಿಳೀತದ. ಖರೇ, ಯಾಕ ಹೇಳಿದಿ?"

ನಾನು ಅವರ ಕಾಲು ಬಿಟ್ಟು ಹಿಂದಕ್ಕೆ ಸರಿದೆ.

"ಎರಡು ಖರ್ಜೂರದಾಗ ಈ ಹೊಟ್ಟಿ ಸುಮ್ಮನಿತ್ತು ಅನಘಾ. ಸತ್ತಂಗ ಬಿದ್ದಿತ್ತು. ನೀ ಅದನ್ನ ಎಬ್ಬಿಸೀದಿ. ಈಗ ಗಂಟಿ ನಾಕ ಹೊಡದ್ರ ಸಾಕು, ಹಸಿವಿ ಆಗ್ತದ. ಕೂಸಿಗೆ ಆದಂಗ ಆಗ್ತದ." ಅವರ ಕಣ್ಣು ತಟ್ಟೆಯ ಮೇಲೆಯೇ ಇತ್ತು. "ಈ ಹೊಟ್ಟಿಗೆ ನಾ ಇನ್ನ ಏನ ಹೇಳ್ಲಿ?"

ತಟ್ಟೆಯಿಂದ ಇನ್ನೂ ಹಬೆ ಏಳುತ್ತಿತ್ತು. ತೆಗೆದುಕೊಂಡು ಹೋಗು ಎಂದು ಅವರು ಹೇಳಲಿಲ್ಲ, ತೆಗೆದುಕೊಂಡು ಹೋಗಲು ನನ್ನಿಂದ ಆಗಲಿಲ್ಲ. ಇಬ್ಬರೂ ಅದರ ಎದುರು ಕೂತೇ ಇದ್ದೆವು.